ಕಲ್ಲಿನ ಬುಡದ ಇದ್ದಿಲು

“ಗುದ್ದಲಿ ಇತ್ಲಾಗೆ ಕೊಡಿ, ನಾನೇ ಅಗೀತೀನಿ,” ಎಂದ ಅಣ್ಣ.

“ಕೊಡಬೇಡಿ ಸಾರ್. ಅವನ ಕೈಗೆ ಗುದ್ದಲಿ ಸಿಕ್ಕಿದ್ದಕ್ಕೇ ಕಲ್ಲು ಇಲ್ಲಿಗೆ ಬಂದಿರೋದು,” ಎಂದ ತಮ್ಮ. ಆರು ವರ್ಷದಿಂದ ಇಬ್ಬರೂ ಎದುರುಬದುರು ಮಾತಾಡಿರಲಿಲ್ಲ. ಇಷ್ಟು ದಿನ ವಕೀಲರ ಬಾಯಲ್ಲಿ, ಇವತ್ತು ಕೋರ್ಟು ಕಳಿಸಿದ್ದ ಸರ್ವೇಯರನ ಕಿವಿಗೆ.

ಸರ್ವೇಯರ್ ಯಾರಿಗೂ ಗುದ್ದಲಿ ಕೊಡದೆ ತಾನೇ ತೋಳು ಮಡಚಿದ. ಇಬ್ಬರ ಪಾಲಿನ ನಡುವೆ ಅಪ್ಪ ನೆಟ್ಟಿದ್ದ ಗಡಿಕಲ್ಲು ಒಂದು ನೆರೆಯಲ್ಲಿ ಕೊಚ್ಚಿಹೋಗಿತ್ತು. ಅಣ್ಣ ಹೊಸದನ್ನು ನೆಟ್ಟ. ನಾಲ್ಕು ಹೆಜ್ಜೆ ನನ್ನ ಕಡೆಗೆ ನೆಟ್ಟಿದ್ದಾನೆ ಎಂದು ತಮ್ಮ ದಾವೆ ಹೂಡಿದ. ಆ ನಾಲ್ಕು ಹೆಜ್ಜೆಯೊಳಗೆ ಬಾವಿ ಇತ್ತು. ಗಡಿಕಲ್ಲು ನೆಡುವಾಗ ಗುಂಡಿಗೆ ಒಂದು ಬುಟ್ಟಿ ಇದ್ದಿಲು ಸುರಿಯುವುದು ಹಳೆಯ ರೂಢಿ. ಕಲ್ಲು ಹೋದರೂ ಇದ್ದಿಲು ಕೊಳೆಯುವುದಿಲ್ಲ, ನೆಟ್ಟ ಜಾಗವನ್ನು ಹೇಳುತ್ತದೆ. ಅದನ್ನೇ ಹುಡುಕಬೇಕಿತ್ತು.

ಅಣ್ಣನ ಕಲ್ಲಿನ ಬುಡದಲ್ಲಿ ಮೊಳದಾಳಕ್ಕೆ ಕಪ್ಪು ಕಂಡಿತು. “ಕಣ್ಣು ಬಿಟ್ಟು ನೋಡೋಕೆ ಹೇಳಿ ಅವನಿಗೆ,” ಎಂದ ಅಣ್ಣ. ತಮ್ಮ ಬೆಚ್ಚಲಿಲ್ಲ. “ನಾನು ತೋರಿಸಿದ ಜಾಗಾನೂ ಅಗೀರಿ ಸಾರ್, ನೋಡೇಬಿಡೋಣ.” ಅಗೆದರೆ ಅಲ್ಲೂ ಇದ್ದಿಲು.

ಸರ್ವೇಯರ್ ಕುಕ್ಕರುಗಾಲಲ್ಲಿ ಕೂತು ಎರಡು ಗುಂಡಿಯ ಇದ್ದಿಲನ್ನೂ ಅವಸರವಿಲ್ಲದೆ ಕೆದಕಿದ. ಮೊದಲನೆಯದರಲ್ಲಿ ಇನ್ನೂ ಹಸಿರು ಆರದ ಎಲೆ. ಎರಡನೆಯದರಲ್ಲಿ ಅರ್ಧ ಸುಟ್ಟ ಶಾಂಪೂ ಪೊಟ್ಟಣ.

“ನಿಮ್ಮಪ್ಪ ಕಲ್ಲು ನೆಟ್ಟು ಎಷ್ಟು ವರ್ಷ ಆಯ್ತು?”

“ಮೂವತ್ತು,” ಎಂದ ಅಣ್ಣ.

“ಆಗಲೇ ಈ ಶಾಂಪೂ ಹಾಕ್ಕೋತಿದ್ರಾ ಅವರು?”

ಹೇಳಿಕೊಟ್ಟ ಹಾಗೆ, ಇಬ್ಬರೂ ಒಟ್ಟಿಗೇ ಅಂದರು: “ಅಕ್ಕನ್ನ ಕೇಳಿ.”

ಅಕ್ಕ ಬಾವಿಕಟ್ಟೆಯ ಮೇಲೆ ಕೂತಿದ್ದಳು. ಹೋದ ವಾರ ಒಬ್ಬೊಬ್ಬನೇ ಅವಳ ಮನೆಗೆ ಹಣ್ಣು ಹಿಡಿದು ಹೋಗಿ, ನನ್ನ ಕಡೆ ಸಾಕ್ಷಿ ನೀನೇ ಎಂದು ಹೇಳಿ ಬಂದಿದ್ದರು. ಇಬ್ಬರ ಹಣ್ಣನ್ನೂ ಅವಳು ಬೇಡ ಅನ್ನದೆ ಇಟ್ಟುಕೊಂಡಿದ್ದಳು.

“ಅಪ್ಪ ಕಲ್ಲು ನೆಟ್ಟ ದಿನ ನೀವಿಬ್ಬರೂ ಮೂತಿ ಊದಿಸ್ಕೊಂಡು ಮನೇಲಿ ಬಿದ್ದಿದ್ರಿ,” ಎಂದಳು ಚಪ್ಪಲಿಯ ಮಣ್ಣು ಕೊಡವುತ್ತಾ. “ಇದ್ದಿಲಿನ ಬುಟ್ಟಿ ಹೊತ್ತವಳು ನಾನು. ಈ ಕಟ್ಟೆಯಿಂದ ಎಷ್ಟು ಹೆಜ್ಜೆ, ಯಾವ ದಿಕ್ಕಿಗೆ, ಎಲ್ಲಾ ನೆನಪಿದೆ.”

ಸರ್ವೇಯರ್ ಪುಸ್ತಕ ಬಿಡಿಸಿದ. “ಹೇಳೀಮ್ಮಾ, ಎಷ್ಟು?”

“ನಿಮ್ಮ ಕಾಗದದಲ್ಲಿ ನಮ್ಮಪ್ಪನಿಗೆ ಎಷ್ಟು ಮಕ್ಕಳು ಅಂತ ಬರೆದಿದೆ ಸಾರ್?”

“ಇಬ್ಬರು.”

“ಮೂರು ಅಂತ ತಿದ್ದಿಸ್ಕೊಂಡು ಬನ್ನಿ, ಆಮೇಲೆ ಹೇಳ್ತೀನಿ. ಇಲ್ಲಿ ಅಲ್ಲ, ಕೋರ್ಟಲ್ಲಿ.” ಅಕ್ಕ ಸೆರಗು ಸಿಕ್ಕಿಸಿಕೊಂಡು ಎರಡು ಗುಂಡಿಗಳ ನಡುವೆಯೇ ದಾಟಿ ಹೊರಟಳು.

ಅವಳು ಬದು ದಾಟುವವರೆಗೂ ಅಣ್ಣತಮ್ಮಂದಿರಿಬ್ಬರೂ ನೋಡುತ್ತ ನಿಂತರು. ಅಣ್ಣ ನಿಧಾನಕ್ಕೆ ಸರಿದು ತಮ್ಮನ ಪಕ್ಕಕ್ಕೆ ಬಂದ.

“ಏನೋ,” ಎಂದ ಅವನ ಕಿವಿಯ ಹತ್ತಿರ, “ಇವಳು ಯಾವ ವಕೀಲನ್ನ ಹಿಡಿದಿದಾಳೆ?”