ಹದಿನೇಳನೇ ನಂಬರು

“ಹದಿನೇಳನೇ ನಂಬರು ಯಾರು ಅಂತ ಬರೀರಿ. ಬರೆಯೋ ತನಕ ನಾನು ಇಲ್ಲಿಂದ ಕದಲಲ್ಲ!”

ಸಿದ್ದಬಸಪ್ಪ ಗೋಣಿಚೀಲ ಕೊಡವಿದ. ಮುರಿದ ಕಬ್ಬಿಣದ ತುಂಡು ಮ್ಯಾನೇಜರ್ ಕೀರ್ತಿಕುಮಾರನ ಮೇಜಿನ ಮೇಲೆ ಧಡಾರನೆ ಬಿತ್ತು. ಕಾಫಿ ಲೋಟ ಉರುಳಿತು. ಉರುಳಲಿ!

ಕುಶಾಲನಗರದ ಪಕ್ಕದ ಈ ಕಾರ್ಖಾನೆಯಲ್ಲಿ ಮಣ್ಣು ಅಗೆಯುವ ದೊಡ್ಡ ಯಂತ್ರಗಳು ತಯಾರಾಗುತ್ತವೆ. ಅಂಥದೊಂದರ ತೋಳು ಮೊನ್ನೆ ಸುಂಟಿಕೊಪ್ಪದ ಎಸ್ಟೇಟಿನಲ್ಲಿ ವೆಲ್ಡಿಂಗ್ ಬಿಟ್ಟು ಕ್ಯಾಬಿನ್ನಿನ ಮೇಲೇ ಮುರಿದುಬಿತ್ತು. ಓಡಿಸುತ್ತಿದ್ದವನು ಸಿದ್ದಬಸಪ್ಪನ ಮಗ ನವೀನ್. ಬಲಗಾಲು ಹೋಯಿತು.

“ನೋಡಿ, ನವೀನನ ತಂದೆಯವರೇ, ನಿಮ್ಮ ಮಗ ಜಾಸ್ತಿ ಭಾರ ಎತ್ತಿರಬೇಕು,” ಎಂದ ಕೀರ್ತಿಕುಮಾರ್. ಅವನು ಈ ಕಾರ್ಖಾನೆಗೆ ಬಂದು ಎರಡೇ ತಿಂಗಳು. ವರದಿಯಲ್ಲಿ ಆಗಲೇ ‘ಚಾಲಕನ ತಪ್ಪು’ ಎಂದು ಬರೆದಾಗಿತ್ತು.

“ನನ್ನ ಮಗನ ತಲೆಗೆ ಕಟ್ಬೇಡಿ!” ಸಿದ್ದಬಸಪ್ಪ ತುಂಡನ್ನು ಹೊರಳಿಸಿ, ಹುಡುಕದೆಯೇ ಒಂದು ಕಡೆ ಬಣ್ಣ ಕೆರೆದ. ಕೆಳಗೆ 17 ಎಂಬ ಅಚ್ಚು. ಇಲ್ಲಿ ಪ್ರತಿ ವೆಲ್ಡರ್ ತನ್ನ ಕೆಲಸದ ಪಕ್ಕ ತನ್ನ ನಂಬರು ಒತ್ತಲೇಬೇಕು. “ಹೋದ ವರ್ಷ ಈ ತೋಳು ಬೆಸೆದ ದಿನಾನೇ ಈ ಹದಿನೇಳು ಇನ್ನೂ ನಾಲ್ಕು ಮಿಷನ್ನಿಗೆ ವೆಲ್ಡಿಂಗ್ ಮಾಡಿದಾನೆ. ಅವು ಈಗ್ಲೂ ಓಡ್ತಾ ಇದಾವೆ. ಅವನ್ನ ನಿಲ್ಸಿ.”

ಮೂಲೆಯಲ್ಲಿ ಗುಣಮಟ್ಟ ಪರೀಕ್ಷಿಸುವ ವೀಣಾ ಇದ್ದಳು. ಮುದುಕ ಒಳಗೆ ಬಂದಾಗ ಎದ್ದು ನಿಂತವಳು ಇನ್ನೂ ಕೂತಿರಲಿಲ್ಲ.

ಕೀರ್ತಿಕುಮಾರ್ ಗೋಡೆಯ ಬೋರ್ಡು ತೋರಿಸಿದ: ‘ತಪ್ಪು ಕಂಡರೆ ಕೆಂಪು ಹಗ್ಗ ಎಳೆಯಿರಿ, ಕೆಲಸ ನಿಲ್ಲಲಿ. ಐದು ಸಲ ಯಾಕೆ ಎಂದು ಕೇಳಿ.’

“ಇಂಥ ಪದ್ಧತಿ ಇರೋ ಕಡೆ ತಪ್ಪು ಮಾಲು ಹೊರಗೆ ಹೋಗೋ ಮಾತೇ ಇಲ್ಲ.”

ಬೋರ್ಡಂತೆ! ಬೋರ್ಡಿಗೇನು, ಮಾನವೇ ಮರ್ಯಾದೆಯೇ?

“ಹಂಗಾದ್ರೆ ಕೇಳಿ, ಯಾಕೆ ಅಂತ. ವೆಲ್ಡಿಂಗ್ ಯಾಕೆ ಬಿಡ್ತು? ಬೆಸೆಯೋ ರಾಡು ಒದ್ದೆ. ಯಾಕೆ ಒದ್ದೆ? ಜಡಿಮಳೆ, ಒಣಗ್ಸೋ ಓವನ್ನು ಕೆಟ್ಟು ಕೂತಿತ್ತು. ಹಗ್ಗ ಯಾಕೆ ಎಳೀಲಿಲ್ಲ? ಕೈ ಹಾಕಿದ. ತಿಂಗಳ ಕೊನೆ, ಮಾಲು ಹೊರಡ್ಬೇಕು, ಹಗ್ಗ ಮುಟ್ಟಿದ್ರೆ ಮನೆಗೆ ಹೋಗು ಅಂದ ಸೂಪರ್‌ವೈಸರು. ಕೈ ಬಿಟ್ಟ. ನಂಬರು ಒತ್ತಿದ. ಹೇಡಿ ನನ್ಮಗ!”

“ಇದೆಲ್ಲ ನಿಮಗೆ ಯಾರು ಹೇಳಿದ್ದು?”

“ಅವನೇ. ದಿನಾ ಹೇಳ್ತಾನೆ. ಬಾಯ್ಮುಚ್ಚು ಅಂದ್ರೂ ಮುಚ್ಚಲ್ಲ.”

ಕೀರ್ತಿಕುಮಾರ್ ನೆಟ್ಟಗೆ ಕೂತ. ತಪ್ಪು ಹೊರಿಸಲು ಒಂದು ತಲೆ ಸಿಕ್ಕಿತಲ್ಲ, ಈಗ ಬಂತು ಧೈರ್ಯ. “ಗೊತ್ತಿದ್ದೂ ಒತ್ತಿದಾನಾ? ಹಾಗಿದ್ರೆ ಅವನ ಮೇಲೇ ಪೊಲೀಸ್ ಕೇಸು. ಮಾಡಿದ್ದುಣ್ಣೋ ಮಹರಾಯ!”

“ಹಾಕಿ. ಮೊದ್ಲು ಆ ನಾಲ್ಕು ನಿಲ್ಸಿ.”

ಕೀರ್ತಿಕುಮಾರ್ ಫೋನೆತ್ತಿದ. ನಾಲ್ಕೂ ಯಂತ್ರಗಳನ್ನು ನಿಂತಲ್ಲೇ ನಿಲ್ಲಿಸಲು ಹೇಳಿದ. ಸಿದ್ದಬಸಪ್ಪ ಮೊದಲ ಸಲ ಕುರ್ಚಿಯಲ್ಲಿ ಕೂತ.

“ವೀಣಾ, ಯಾರ್ರೀ ಈ ಹದಿನೇಳು?”

“ಆ ಹೆಸರು ಹೇಳಕ್ಕೆ ನಂಗೆ ಬಾಯಿ ಬರಲ್ಲ ಸರ್. ನಂಗೆ ಕೆಲಸ ಕಲ್ಸಿದ್ದೇ ಅವರು.”

“ರಿಜಿಸ್ಟರ್ ಕೊಡಿ ಇಲ್ಲಿ!” ಕೀರ್ತಿಕುಮಾರ್ ಹಾಳೆ ತಿರುವಿದ. ಬೆರಳು ಒಂದು ಕಡೆ ನಿಂತಿತು. “ಸಿಕ್ಕಿದ ನೋಡಿ. ಹದಿನೇಳು, ಸಿದ್ದಬಸಪ್ಪ. ಹೋದ ವರ್ಷ ರಿಟೈರು. ಎಲ್ಲಿದಾನೆ ಅವನು? ಈಗ್ಲೇ ಕರೆಸಿ!”

“ಬಂದಿದೀನಲ್ಲ ಸ್ವಾಮಿ. ಬರೀರಿ.”