ಹನ್ನೊಂದು ಒತ್ತು

ಪುಷ್ಯದ ಚಳಿ. ಶ್ರೀರಾಂಪುರದ ಆ ಬಾಡಿಗೆ ಮನೆಯಲ್ಲಿ ಶನಿವಾರ ಬೆಳಗಾಗುವ ಹೊತ್ತಿಗೇ ಅವರೆಕಾಳು ಹಿದುಕುವ ಕೆಲಸ ಶುರುವಾಗಿತ್ತು. ಹಿತ್ತಲ ಬಾಗಿಲಲ್ಲಿ ಪುಟ್ಟಲಿಂಗಮ್ಮ ಕೂತಿದ್ದರು. ಎರಡೂ ಕಣ್ಣಿಗೆ ಪೊರೆ ಬಂದಿದ್ದರಿಂದ ಬೆರಳಿನ ಅಂದಾಜಿನಲ್ಲೇ ಹಿದುಕುತ್ತಿದ್ದರು. ಬೀದಿ ಬಾಗಿಲ ಪಕ್ಕದ ಮಂಚದಲ್ಲಿ ಅವರ ಗಂಡ ಸಿದ್ದಪ್ಪಾಜಿ ಎಡಗೈಯೊಂದರಲ್ಲೇ, ಹೆಂಡತಿಗಿಂತ ಚುರುಕಾಗಿ ಹಿದುಕುತ್ತಿದ್ದರು. ದಸರಾ ಮುಗಿದ ವಾರ ಲಕ್ವ ಹೊಡೆದು ಬಲಗೈಯೂ ಮಾತೂ ಹೋಗಿದ್ದವು.

ಮಗ ಪ್ರೇಮ್‌ಕುಮಾರ್ ಅವರೆಯ ಕಡೆ ತಿರುಗಿಯೂ ನೋಡಲಿಲ್ಲ. ಅವನ ಕೈಯಲ್ಲಿ ಮಗಳ ಗೇಮ್ ಕನ್ಸೋಲ್ ಇತ್ತು.

"ಮತ್ತೆ ಅಳಿಸಿದ್ದೀಯ."

ಎಂಟನೇ ತರಗತಿಯ ಸಂಘಮಿತ್ರ ಶೂ ಲೇಸು ಕಟ್ಟುತ್ತಿದ್ದವಳು ತಲೆ ಎತ್ತಲಿಲ್ಲ. "ನಾನಲ್ಲ ಕಣಪ್ಪ. ನಾನೇ ಅಳ್ಸಿದ್ರೆ ಆ ಜಾಗಕ್ಕೆ ನನ್ನ ಆಟ ಹಾಕ್ಕೋತಿರ್ಲಿಲ್ವಾ?"

ಬಾಯಿಗೆ ಬಾಯಿ ಕೊಡುವುದನ್ನೂ ಕಲಿತಳಲ್ಲ ಎಂದುಕೊಂಡ ಪ್ರೇಮ್‌ಕುಮಾರ್.

ಆ ಕನ್ಸೋಲನ್ನು ಅವಳ ಸೋದರಮಾವ ಸೆಕೆಂಡ್ ಹ್ಯಾಂಡಿನಲ್ಲಿ ಕೊಡಿಸಿದ್ದು. ಮೊದಲಿನವರು ಯಾರೋ ಅದರ ಬೀಗ ಮುರಿದು, ಕಂಪನಿಯದಲ್ಲದ ಆಟಗಳನ್ನೂ ಹಾಕಿಕೊಳ್ಳುವ ಹಾಗೆ ಮಾಡಿದ್ದರು. ತಿಂಗಳ ಹಿಂದೆ ಸಿದ್ದಪ್ಪಾಜಿ ನೀರಿಗೆಂದು ಏಳಲು ಹೋಗಿ ಮಂಚದಿಂದ ಬಿದ್ದರು. ಕೂಗಲು ದನಿಯಿಲ್ಲ. ಕೈಸನ್ನೆ ಮಾಡಿದರೆ ಹೆಂಡತಿಗೆ ಕಾಣುವುದಿಲ್ಲ. ಪ್ರೇಮ್‌ಕುಮಾರ್ ಫ್ಯಾಕ್ಟರಿಗೆ, ಅವನ ಹೆಂಡತಿ ಸುಮಾ ಗಾರ್ಮೆಂಟ್ಸಿಗೆ ಹೋದ ಮೇಲೆ ಮನೆಯಲ್ಲಿ ಇವರಿಬ್ಬರೇ. ಆಗ ಫ್ಯಾಕ್ಟರಿಯ ಜತೆಗಾರ ಯೋಗೇಂದ್ರ ಒಂದು ದಾರಿ ಹೇಳಿದ. ಗುಂಡಿ ಒತ್ತಿದರೆ ನಾವು ತುಂಬಿಸಿದ ಮಾತನ್ನು ಆಡುವಂಥ ಪ್ರೋಗ್ರಾಮನ್ನು ಯಾರೋ ಹವ್ಯಾಸಿ ಬರೆದು ಇಂಟರ್‌ನೆಟ್ಟಿನಲ್ಲಿ ಬಿಟ್ಟಿದ್ದಾನೆ, ಈ ಕನ್ಸೋಲಿನಲ್ಲಿ ನಡೆಯುತ್ತದೆ ಎಂದ.

ಹೇಳಿದಷ್ಟು ಸುಲಭವಿರಲಿಲ್ಲ. ಮೊದಲು ಮೆಮೊರಿ ಕಾರ್ಡು ಓದಲಿಲ್ಲ. ಓದಿದ ಮೇಲೆ ತೊಂಬತ್ತು ಪರ್ಸೆಂಟಿಗೆ ಬಂದು ನಿಂತಿತು. ಏನೋ ನಂಬರು ತೋರಿಸಿ ಪರದೆ ಕಪ್ಪಾಯಿತು. ಐದು ದಿನ ಅವನು ಅಪ್ಪನ ಮಂಚದಲ್ಲೇ ಕೂತು ಹಾಕಿದ, ಅಳಿಸಿದ, ಹಾಕಿದ. ಒಂದನ್ನು ಅಳಿಸಬೇಕೆಂದರೆ ಹನ್ನೊಂದು ಸಲ ಒತ್ತಬೇಕು. ಜಾಗ ಸಾಲದೆ ಮಗಳ ಆಟಗಳನ್ನೂ ಒಂದೊಂದಾಗಿ ತೆಗೆದ. ಸಿದ್ದಪ್ಪಾಜಿ ಪಕ್ಕದಲ್ಲಿ ಒರಗಿಕೊಂಡು ನೋಡುತ್ತಲೇ ಇದ್ದರು. ಊರಿನಲ್ಲಿದ್ದಾಗ ಪಂಪ್‌ಸೆಟ್ಟಿನ ಮೋಟರಿಗೆ ತಂತಿ ಸುತ್ತುತ್ತಿದ್ದವರು. ಯಾರ ಕೈಕೆಲಸವನ್ನಾದರೂ ಕಣ್ಣು ಕೀಳದೆ ನೋಡುವುದು ಅವರ ಅಭ್ಯಾಸ.

ಸೋಮವಾರ ಅಂತೂ ಕೂತಿತು. ಪ್ರೇಮ್‌ಕುಮಾರ್ ತಾರಸಿಗೆ ಹೋಗಿ ನಾಲ್ಕು ಗುಂಡಿಗೆ ನಾಲ್ಕು ಮಾತು ತುಂಬಿಸಿಕೊಂಡು ಬಂದ. ಯಾವ ಗುಂಡಿಗೆ ಯಾವುದೆಂದು ಅಪ್ಪನಿಗೆ ತೋರಿಸಿಕೊಟ್ಟ. ಅವ್ವನಿಗೆ ಹೇಳುವ ಗೋಜಿಗೆ ಹೋಗಲಿಲ್ಲ. ಸದ್ದು ಕೇಳಿದರೆ ತಾನಾಗಿ ಬರುತ್ತಾಳೆ ಎಂದುಕೊಂಡ.

ಮಂಗಳವಾರ ಸಂಜೆ ಬಂದು ನೋಡಿದರೆ ಪ್ರೋಗ್ರಾಮೇ ಇಲ್ಲ. ಮತ್ತೆ ಹಾಕಿದ. ಬುಧವಾರ ಸಂಜೆಯೂ ಇಲ್ಲ. ಅವತ್ತು ಮಗಳ ಕೆನ್ನೆಗೆ ಒಂದು ಬಿಟ್ಟ. ಮರುದಿನ ಸೋಮನಾಥಪುರಕ್ಕೆ ಶಾಲೆಯ ಪ್ರವಾಸವಿತ್ತು. ಒಪ್ಪಿಗೆ ಚೀಟಿಗೆ ಸಹಿ ಹಾಕದೆ ಮಡಿಸಿ ಜೇಬಿಗಿಟ್ಟುಕೊಂಡ. ಅಳಿಸಿದ್ದು ನಾನೇ ಅಂತ ಒಪ್ಪಿಕೋ, ಹಾಕಿಕೊಡುತ್ತೇನೆ ಎಂದ. ಅವಳು ಒಪ್ಪಿಕೊಳ್ಳಲಿಲ್ಲ.

ಸಿಟ್ಟು ಬರಿಸಲು ಬೇರೆಯವೂ ಇದ್ದವು. ಜಗುಲಿಯ ಮೇಲೆ ತುಂಬಿದ ನೀರಿನ ಲೋಟ ಇಟ್ಟು ಯಾರು ಮರೆಯುತ್ತಾರೆ ಎಂದು ಸುಮಾ ದಿನಾ ಸಂಜೆ ಗೊಣಗುತ್ತಿದ್ದಳು. ಪುಟ್ಟಲಿಂಗಮ್ಮನದು ಇನ್ನೊಂದು ರಾಗ.

"ಮದ್ಯಾನ ಬಂದು ಹೊಂಟೋದ್ಯಲ್ಲ, ಅದೇನು ಅವಸ್ರ ಕಣೋ ನಿಂಗೆ?"

"ನಾನು ಫ್ಯಾಕ್ಟರೀಲಿದ್ದೆ ಕಣವ್ವ."

"ಊಂ, ಸುಳ್ಳು ಬೇರೆ."

ಅವ್ವನಿಗೆ ಕಣ್ಣಿನ ಜೊತೆ ನೆನಪೂ ಮಸುಕಾಗುತ್ತಿದೆ ಎಂದು ಅವನು ಸುಮಾಳ ಹತ್ತಿರ ಹೇಳಿಕೊಂಡಿದ್ದ. ಹೊಸದಾಗಿ ಪ್ರೋಗ್ರಾಮು ಹಾಕಿ ಕೈಗಿಟ್ಟಾಗಲೆಲ್ಲ ಅಪ್ಪ ಗೋಡೆಯ ಕಡೆ ಮುಖ ತಿರುಗಿಸುತ್ತಿದ್ದರು. ಇಷ್ಟು ಮಾಡಿದರೂ ಇವರದು ಇದು ಎಂದು ಅವನಿಗೆ ನೊಂದಿತ್ತು.

ಶನಿವಾರವೂ ಮತ್ತೆ ಹಾಕಿಟ್ಟೇ ಕೆಲಸಕ್ಕೆ ಹೋದ. ಆದರೆ ಅರ್ಧ ದಿನ ರಜೆ ಬರೆದುಕೊಟ್ಟು ಹನ್ನೊಂದಕ್ಕೆಲ್ಲ ವಾಪಸು ಬಂದ. ಶಾಲೆ ಬಿಡುವುದು ಹನ್ನೊಂದೂವರೆಗೆ. ಇವತ್ತು ಕಳ್ಳಿಯನ್ನು ಕೈಯಲ್ಲೇ ಹಿಡಿಯಬೇಕು. ಬೈಕನ್ನು ತಿರುವಿನಲ್ಲೇ ನಿಲ್ಲಿಸಿ, ಸದ್ದು ಮಾಡದೆ ಬಂದು, ತೆರೆದ ಕಿಟಕಿಯ ಪಕ್ಕ ಗೋಡೆಗೆ ಅಂಟಿಕೊಂಡು ನಿಂತ.

ಒಳಗಿನಿಂದ ದನಿಯೊಂದು ಬಂತು. ಅವನದೇ ದನಿ.

"ಅವ್ವಾ, ಒಸಿ ನೀರು ಕೊಡವ್ವ."

"ಬಂದೆ ಇರು ಮಗ."

ಪುಟ್ಟಲಿಂಗಮ್ಮ ಲೋಟ ಹಿಡಿದು, ಗೋಡೆ ಸವರಿಕೊಂಡು, ಗಂಡನ ಮಂಚವನ್ನು ದಾಟಿಕೊಂಡು ಬಂದು ಬೀದಿ ಬಾಗಿಲು ತೆರೆದರು. ಜಗುಲಿಯ ಮೇಲೆ ನಿಂತು ಖಾಲಿ ಮೆಟ್ಟಿಲಿನ ಕಡೆ ಲೋಟ ಚಾಚಿದರು. "ಇವತ್ತಾದ್ರೂ ಕುಡ್ಕೊಂಡು ಹೋಗೋ," ಎಂದರು. ಸ್ವಲ್ಪ ಹೊತ್ತು ಕಾದು ಲೋಟವನ್ನು ಜಗುಲಿಯ ಅಂಚಿಗಿಟ್ಟರು.

ಪ್ರೇಮ್‌ಕುಮಾರ್ ಕಿಟಕಿಯಲ್ಲಿ ಇಣುಕಿದ. ಸಿದ್ದಪ್ಪಾಜಿ ಒಣಗಿದ ತುಟಿಯನ್ನು ನಾಲಿಗೆಯಿಂದ ಸವರಿಕೊಂಡರು. ಕನ್ಸೋಲನ್ನು ಎದೆಗೆ ಒರಗಿಸಿಕೊಂಡು ಎಡ ಹೆಬ್ಬೆರಳಿನಿಂದ ಒತ್ತತೊಡಗಿದರು. ಮೋಟರಿನ ಸುತ್ತು ಎಣಿಸುವ ಹಾಗೆ ತುಟಿ ಆಡುತ್ತಿತ್ತು. ಹನ್ನೊಂದನೇ ಒತ್ತಿಗೆ ಹೆಬ್ಬೆರಳು ನಿಂತಿತು.

ಅವನು ಜಗುಲಿಯ ಲೋಟ ಎತ್ತಿಕೊಂಡು ಒಳಗೆ ಹೋಗಿ ಅಪ್ಪನ ಬಾಯಿಗೆ ಹಿಡಿದ. ಗೇಟು ಕಿರುಗುಟ್ಟಿತು, ಶಾಲೆ ಬಿಟ್ಟು ಸಂಘಮಿತ್ರ ಬಂದಿದ್ದಳು. ಪ್ರೇಮ್‌ಕುಮಾರ್ ಜೇಬಿನಿಂದ ಆ ಚೀಟಿ ತೆಗೆದು, ಬಿಡಿಸಿ, ಪೆನ್ನಿಗಾಗಿ ತಡಕಿದ. ಪ್ರವಾಸದ ಬಸ್ಸು ಗುರುವಾರವೇ ಹೋಗಿ ಬಂದಿತ್ತು.