ಎದ್ದವರ ಲೆಕ್ಕ

"ಚಹಾ ಸಿನಿಮಾ ಮುಗಿದ ಮೇಲೇ ಕೊಡಿ. ಮೊದಲೇ ಕೊಟ್ರೆ ಎಲ್ರೂ ಮಧ್ಯದಲ್ಲಿ ಎದ್ದು ಹೋಗ್ತಾರೆ," ಎಂದು ಹೊರೇಸ್ ಪಾಟರ್ಟನ್ ಮೂರನೇ ಸಲ ಹೇಳಿದರು.

"ಕೆಟಲ್ಲಿನ ಪ್ಲಗ್ಗೇ ಕಿತ್ತಿಟ್ಟಿದ್ದೀನಿ, ಮಿಸ್ಟರ್ ಪಾಟರ್ಟನ್," ಎಂದಳು ಹಳೆಯ ಫಿಲ್ಮುಗಳ ಭಂಡಾರ ನೋಡಿಕೊಳ್ಳುವ ಜಿಲಿಯನ್.

ಹೊರೇಸ್‌ಗೆ ತೊಂಬತ್ತೊಂದು. ಮಕ್ಕಳಿಗೆಂದೇ ಹತ್ತೊಂಬತ್ತು ಸಿನಿಮಾ ತೆಗೆದಿದ್ದರು. ನಿರ್ಮಾಪಕರೂ ಅವರೇ, ನಿರ್ದೇಶಕರೂ ಅವರೇ. ಅವರ ಹೆಸರು ಕೇಳಿದವರು ಕೂಡ ಸುಮಾರು ಹತ್ತೊಂಬತ್ತು ಜನ ಇದ್ದಾರು. ಒಂದೊಂದು ಸಿನಿಮಾವನ್ನೂ ಬಿಡುಗಡೆಗೆ ಮೊದಲು ಇಂಗ್ಲೆಂಡಿನ ಕಡಲತೀರದ ಊರು ಗ್ರಿಮ್ಸ್‌ಬಿಯ ಇದೇ ಚಿತ್ರಮಂದಿರದಲ್ಲಿ ಶನಿವಾರ ಬೆಳಿಗ್ಗೆ ಊರ ಮಕ್ಕಳಿಗೆ ತೋರಿಸುತ್ತಿದ್ದರು. ತಾವು ಮಾತ್ರ ತೆರೆಯ ಕೆಳಗೆ ಕುರ್ಚಿ ಹಾಕಿಕೊಂಡು, ತೆರೆಗೆ ಬೆನ್ನು ಮಾಡಿ, ಮಕ್ಕಳ ಮುಖ ನೋಡುತ್ತ ಕೂರುತ್ತಿದ್ದರು. ಯಾವುದೇ ದೃಶ್ಯದಲ್ಲಿ ಒಂದೇ ಒಂದು ಮಗು ಶೌಚಾಲಯಕ್ಕೆಂದು ಎದ್ದರೂ ಆ ದೃಶ್ಯಕ್ಕೆ ಕತ್ತರಿ.

ಅರವತ್ತೆರಡು ವರ್ಷದ ಹಿಂದೆ, ಕತ್ತೆ ಕಳ್ಳರ ಸಿನಿಮಾದಲ್ಲಿ ಹೀಗೆ ಎರಡು ನಿಮಿಷ ಹೋಗಿತ್ತು. ಹೆಂಗಸೊಬ್ಬಳು ಕಡಲ ಗಾಳಿಯಲ್ಲಿ ಬಟ್ಟೆ ಒಣಹಾಕುತ್ತಾಳೆ, ಅಷ್ಟೇ. ಮಾತಿಲ್ಲ, ಕತ್ತೆಯೂ ಇಲ್ಲ. ಆ ಹೆಂಗಸು ಹೊರೇಸರ ಹೆಂಡತಿ ಎನಿಡ್. ಅವಳು ಸಿನಿಮಾದಲ್ಲಿ ಕಾಣಿಸಿಕೊಂಡದ್ದು ಅದೊಂದೇ ಸಲ. ಆ ಶನಿವಾರ ಬೆಳಿಗ್ಗೆ ಅದೇ ದೃಶ್ಯದಲ್ಲಿ ಕೆಂಪು ಕೋಟಿನ ಹುಡುಗಿಯೊಬ್ಬಳು ಎದ್ದಳು. ಹೊರೇಸ್ ಸಂಜೆಯೇ ಕತ್ತರಿಸಿದರು. ಎನಿಡ್ ಏನೂ ಅನ್ನಲಿಲ್ಲ. ಏನಾದರೂ ಅಂದಿದ್ದರೆ ಚೆನ್ನಾಗಿತ್ತು ಎಂದು ಅವಳು ತೀರಿಕೊಂಡ ಈ ಆರು ವರ್ಷಗಳಲ್ಲಿ ಅವರಿಗೆ ದಿನಾ ಅನ್ನಿಸಿದೆ.

ಆ ತುಂಡು ಹೋದ ತಿಂಗಳು ಜಿಲಿಯನ್‌ಗೆ ಒಂದು ತುಕ್ಕು ಡಬ್ಬಿಯಲ್ಲಿ ಸಿಕ್ಕಿ, ಅವಳು ಅದನ್ನು ಸಿನಿಮಾಕ್ಕೆ ಮರಳಿ ಸೇರಿಸಿದ್ದಳು. ನೋಡಲು ಬಂದವರು ಅಂದಿನ ಅದೇ ಮಕ್ಕಳು. ಈಗ ಎಪ್ಪತ್ತರ ಆಸುಪಾಸು. ಶೌಚಾಲಯಕ್ಕೆ ಅಂದಿಗಿಂತ ಹೆಚ್ಚಾಗಿ ಏಳುವ ವಯಸ್ಸು.

"ಇವತ್ತಾದ್ರೂ ಎಲ್ರ ಜೊತೆ ಕೂತು ನೋಡಿ," ಎಂದಳು ಜಿಲಿಯನ್.

"ಬೇಡ ಮಗಳೇ, ಲೆಕ್ಕ ತಪ್ಪಿಹೋಗುತ್ತೆ." ಹೊರೇಸ್ ಕುರ್ಚಿಯನ್ನು ತೆರೆಯ ಕೆಳಗೆ ಹಾಕಿಸಿಕೊಂಡು ಜನರ ಕಡೆ ತಿರುಗಿ ಕೂತರು. ಜಿಲಿಯನ್ ಮೊದಲ ಸಾಲಿನಲ್ಲಿ ಅವರೆದುರಿಗೇ ಕೂತಳು.

ಕತ್ತೆ ಕಳುವಾಯಿತು. ಅಜ್ಜ ಅಜ್ಜಿಯರೆಲ್ಲ ಕಳ್ಳರನ್ನು ಬಾಯಿಗೆ ಬಂದಂತೆ ಬೈದರು. ಆಮೇಲೆ ಬೆನ್ನ ಹಿಂದೆ ಗಾಳಿಯ ಸದ್ದು ಎದ್ದಿತು, ಬಟ್ಟೆ ಪಟಪಟ ಎಂದಿತು. ತೆರೆಯ ಬೆಳಕಿಗೆ ಎದುರಿನ ಮುಖಗಳೆಲ್ಲ ಬೆಳ್ಳಗಾದವು. ಮೂರನೇ ಸಾಲಿನ ಬೋಳುತಲೆಯವನು ಕೋಲೂರಿ ಅರ್ಧ ಎದ್ದ. ಹೊರೇಸ್ ಲೆಕ್ಕಕ್ಕೆಂದು ಒಂದು ಬೆರಳು ಮಡಿಸಹೋದರು.

"ಕೂತ್ಕೊಳ್ಳೋ ಡೆನಿಸ್," ಎಂದಳು ಪಕ್ಕದವಳು.

"ಮಂಡಿ ಹಿಡ್ಕೊಂಡಿದೆ ಕಣೇ. ಎಲ್ಲಿಗೂ ಹೋಗ್ತಿಲ್ಲ, ನೀನು ಸುಮ್ನಿರು," ಎಂದು ಅವನು ಕಾಲು ನೀಡಿಕೊಂಡು ಕೂತ. ಕಣ್ಣು ತೆರೆಯ ಮೇಲೇ ಇತ್ತು.

ಗಾಳಿಯ ಸದ್ದು ನಿಂತಿತು.

"ಒಬ್ರೂ ಏಳ್ಲಿಲ್ಲ!" ಎಂದು ಜಿಲಿಯನ್ ಮುಂದಕ್ಕೆ ಬಾಗಿ ಪಿಸುಗುಟ್ಟಿದಳು.

"ಗೊತ್ತು. ನೂರಾ ಹನ್ನೆರಡು ಜನ, ಒಬ್ರೂ ಇಲ್ಲ," ಎಂದು ಹೊರೇಸ್ ಕನ್ನಡಕ ಒರೆಸಿಕೊಂಡು, ಕುರ್ಚಿಯಲ್ಲೇ ನಿಧಾನವಾಗಿ ಹಿಂದಕ್ಕೆ ತಿರುಗಿದರು. ತೆರೆಯ ತುಂಬ ಆಗಲೇ ಕತ್ತೆ ನಿಂತಿತ್ತು.

ಅವರು ಮತ್ತೆ ಜಿಲಿಯನ್ ಕಡೆ ತಿರುಗಿ ಕೇಳಿದರು: "ಹೇಗೆ ಕಾಣಿಸ್ತಿದ್ಲು?"